ಎಂಟು ತೂತಿನ ಪಟ್ಟಿ

ಚಿಗವ್ವನ ತುರುಬಿನಲ್ಲಿ ಯಾವಾಗಲೂ ಒಂದು ಕೆಂಪು ಪೆನ್ಸಿಲ್ಲು ಇರುತ್ತಿತ್ತು. ಬೇರೆ ಹೆಂಗಸರು ಹೂ ಮುಡಿಯುವ ಜಾಗದಲ್ಲಿ ಅದು ಅಡ್ಡಡ್ಡ ಚುಚ್ಚಿಕೊಂಡು ಕೂತಿರುತ್ತಿತ್ತು. ಬಲಗೈಯ ಹೆಬ್ಬೆರಳಂತೂ ಬೇರೆ ಯಾರದೋ ಕೈಯಿಂದ ತಂದು ಜೋಡಿಸಿದ ಹಾಗೆ ಅಗಲ, ಚಪ್ಪಟೆ, ಉಗುರು ಅರ್ಧಕ್ಕೆ ಸೀಳಿದ್ದು. ನಲವತ್ತು ವರ್ಷ ಉಳಿ ಹಿಡಿದು ರಟ್ಟಿಗೆ ತೂತು ಹೊಡೆದ ಬೆರಳು ಅದು. ಬೈಯುವಾಗ ಆ ಹೆಬ್ಬೆರಳನ್ನೇ ನಮ್ಮ ಎದೆಗೆ ಗುರಿಯಿಟ್ಟು ಬೈಯುತ್ತಿದ್ದಳು, ನಾವು ನಮಗರಿಯದೆಯೇ ಒಂದು ಹೆಜ್ಜೆ ಹಿಂದೆ ಸರಿಯುತ್ತಿದ್ದೆವು.

ಚಿಗವ್ವ ಅಂದರೆ ಚಿಕ್ಕಮ್ಮ, ಆದರೆ ಆಕೆ ನನ್ನ ಸ್ವಂತ ಚಿಗವ್ವ ಅಲ್ಲ. ಬೆಟಗೇರಿಯ ನಮ್ಮ ಓಣಿಗೆಲ್ಲ ಆಕೆ ಚಿಗವ್ವ. ಗಂಡ ತೀರಿಕೊಂಡ ಮೇಲೆ ಅವನು ಮಾಡುತ್ತಿದ್ದ ಕೆಲಸವನ್ನೇ ಹಿಡಿದಳು. ನೇಕಾರರ ಮಗ್ಗಗಳಿಗೆ ಪಟ್ಟಿ ಹೊಡೆಯುವ ಕೆಲಸ. ಸೀರೆಯ ಅಂಚಿನಲ್ಲಿ ಹೂವು ಬರಬೇಕೆಂದರೆ ಯಾವ ಎಳೆ ಮೇಲೇಳಬೇಕು, ಯಾವುದು ಕೆಳಗಿರಬೇಕು ಎಂದು ಮಗ್ಗಕ್ಕೆ ಯಾರಾದರೂ ಹೇಳಬೇಕಲ್ಲ. ಅದನ್ನು ಹೇಳುವುದು ಈ ರಟ್ಟಿನ ಪಟ್ಟಿ. ತೂತಿದ್ದರೆ ಎಳೆ ಏಳುತ್ತದೆ, ಇಲ್ಲದಿದ್ದರೆ ಇಲ್ಲ. ಹಾಗೆ ನೂರಾರು ಪಟ್ಟಿ ಹೊಲಿದು ಮಾಲೆ ಮಾಡಿ ಮಗ್ಗದ ಮೇಲೆ ಏರಿಸಿದರೆ, ನೇಯುವವನು ಕಾಲಿನಿಂದ ಒಮ್ಮೆ ತುಳಿದಾಗ ಒಂದು ಪಟ್ಟಿ ಸರಿಯುತ್ತದೆ, ಹೂವಿನ ಒಂದು ಗೆರೆ ಮೂಡುತ್ತದೆ. ಈಗ ಆ ಕೆಲಸವೆಲ್ಲ ಕಂಪ್ಯೂಟರಿಗೆ ಹೋಗಿದೆ. ಚಿಗವ್ವನ ಪಡಸಾಲೆಯಲ್ಲಿ ಹಳೆಯ ಪಟ್ಟಿಗಳ ಮಾಲೆಗಳು ಮಾತ್ರ ಗೂಟಕ್ಕೆ ನೇತಾಡುತ್ತಿದ್ದವು.

ಇನ್ನು ನಾನು. ಹಗಲು ಗದಗಿನ ಒಂದು ಪ್ರೆಸ್ಸಿನಲ್ಲಿ ಪುಸ್ತಕ ಹೊಲಿಯುತ್ತೇನೆ, ಮದುವೆಯ ದಿನಗಳಲ್ಲಿ ಆರ್ಕೆಸ್ಟ್ರಾದಲ್ಲಿ ಗಿಟಾರು ನುಡಿಸುತ್ತೇನೆ. ಎರಡರಲ್ಲಿ ನೀನು ಯಾವುದು ಎಂದು ಕೇಳಿದರೆ ಎರಡನೆಯದು ಅಂತಲೇ ಹೇಳುತ್ತೇನೆ. ಅದೊಂದು ಹೋದರೆ ನನ್ನ ಬಳಿ ಹೇಳಿಕೊಳ್ಳಲು ಬೇರೇನೂ ಇಲ್ಲ. ಅದು ಹೋಗುವುದರಲ್ಲಿತ್ತು, ಆ ಕತೆಯಿಂದಲೇ ಶುರು ಮಾಡಬೇಕು.

ಗಿಟಾರು ನನಗೆ ತಿಳಿಯುತ್ತದೆ. ಕೈಗೆ ಗೊಂದಲವಿಲ್ಲ. ಗೊಂದಲವೆಲ್ಲ ಕಾಲಿನದು. ಗಿಟಾರಿನ ದನಿಯನ್ನು ಬದಲಿಸುವ ಪೆಡಲುಗಳೆಂಬ ಪುಟ್ಟ ಪೆಟ್ಟಿಗೆಗಳಿರುತ್ತವೆ. ಒಂದು ದನಿಯನ್ನು ಒರಟು ಮಾಡುತ್ತದೆ, ಒಂದು ನುಣ್ಣಗೆ ಮಾಡುತ್ತದೆ, ಒಂದು ನುಡಿಸಿದ್ದನ್ನೇ ಮತ್ತೆ ಮತ್ತೆ ಹಿಂದಿನಿಂದ ಹೇಳುತ್ತದೆ. ನನ್ನ ಹತ್ತಿರ ಅಂಥವು ಏಳು. ಇದರ ಮೇಲೆ ಆಂಪ್ಲಿಫೈಯರಿಗೆ ಬೇರೆ ಎರಡು ದನಿ, ಒಂದು ಮೆತ್ತಗಿನದು, ಒಂದು ಅಬ್ಬರದ್ದು. ಒಂದು ಹಾಡಿನಿಂದ ಇನ್ನೊಂದಕ್ಕೆ ಹೋಗುವಾಗ ಮೂರನ್ನು ಆರಿಸಬೇಕು, ಎರಡನ್ನು ಹಚ್ಚಬೇಕು, ಆಂಪ್ಲಿಫೈಯರಿನ ದನಿ ಹೊರಳಿಸಬೇಕು, ಅದೂ ತಬಲಾದವನು ಒಂದು ಉಸಿರು ಬಿಡುವುದರೊಳಗೆ. ಬೂಟಿನ ಒಂದು ಕಾಲು, ಎಂಟು ಸ್ವಿಚ್ಚು! ಯಾವುದು ಹಚ್ಚಿದ್ದೆ, ಯಾವುದು ಆರಿಸಿದ್ದೆ ಎಂದು ನನಗೆ ಒಮ್ಮೆಯೂ ನೆನಪಿದ್ದದ್ದಿಲ್ಲ.

ಶಿರಹಟ್ಟಿಯ ಒಂದು ಮದುವೆಯಲ್ಲಿ ಅದು ಆಗಬಾರದ ಹೊತ್ತಿನಲ್ಲಿ ಆಯಿತು. ಅಕ್ಷತೆ ಬಿದ್ದು ಮುತ್ತೈದೆಯರು ಆರತಿ ಎತ್ತಿದ್ದರು, ಹಾಡುವ ಹುಡುಗಿ ಮೆಲ್ಲಗೆ ಆರತಿಯ ಪದ ಎತ್ತಿಕೊಂಡಳು. ನಾನು ತಂತಿ ಮೀಟಿದೆ. ಕಲ್ಲು ಒಡೆಯುವ ಮಷಿನ್ನು ಚಾಲೂ ಆದಂತೆ ಸದ್ದು ಬಂತು. ಆರತಿ ತಟ್ಟೆ ಹಿಡಿದಿದ್ದ ಮದುಮಗಳ ತಾಯಿ ಬೆಚ್ಚಿ ಕುಂಕುಮದ ನೀರನ್ನೆಲ್ಲ ಅಳಿಯನ ಮೈಮೇಲೆ ಚೆಲ್ಲಿದಳು. ಆರ್ಕೆಸ್ಟ್ರಾದ ಮಾಲೀಕ ನನ್ನನ್ನು ಅಡುಗೆಯವರ ಒಲೆಯ ಹಿಂದೆ ಕರೆದುಕೊಂಡು ಹೋದ.

"ನೋಡಲೇ," ಎಂದ. "ಇನ್ನೊಮ್ಮೆ ಹಿಂಗಾತಂದ್ರ ಕೀಬೋರ್ಡಿನ್ಯಾಂವ ಗಿಟಾರಿನ ದನಿನೂ ನುಡಸ್ತಾನ. ಅಂವಗ ಬರ್ತೈತಿ. ನೀ ನಿನ್ನ ಗಿಟಾರ್ ಮನ್ಯಾಗ ಗ್ವಾಡಿಗೆ ನೇತ ಹಾಕು."

ಪೆಡಲು ಸರಿಯಿಲ್ಲ ಎಂದೆ. "ಕುಣಿಯಾಕ ಬರದಾಕಿ ನೆಲಾ ಡೊಂಕ ಅಂದ್ಲಂತ" ಎಂದು ಅವನು ಹೊರಟೇಹೋದ.

ಇದಕ್ಕೆ ಮದ್ದಾಗಿ ಒಂದು ಸ್ವಿಚ್ಚಿನ ಪೆಟ್ಟಿಗೆ ಬರುತ್ತದೆ ಎಂದು ಗೊತ್ತಿತ್ತು. ಹುಬ್ಬಳ್ಳಿಯಲ್ಲಿ ಒಬ್ಬನ ಹತ್ತಿರ ಹಳೆಯದೊಂದು ಸಿಕ್ಕಿತು. ಏಳು ಪೆಡಲುಗಳ ತಂತಿಗಳನ್ನೂ ಆಂಪ್ಲಿಫೈಯರಿನದೊಂದನ್ನೂ ಅದರ ಬೆನ್ನಿನ ಎಂಟು ತೂತಿಗೆ ಸಿಕ್ಕಿಸಬೇಕು. ಮುಂದೆ ಐದು ಸ್ವಿಚ್ಚು. ಈ ಹಾಡಿಗೆ ಇವಿವು ಹತ್ತಲಿ, ಅವವು ಆರಲಿ ಎಂದು ಮೊದಲೇ ಕಲಿಸಿಟ್ಟರೆ ಅದು ನೆನಪಿಟ್ಟುಕೊಳ್ಳುತ್ತದೆ, ಆಮೇಲೆ ಒಂದೇ ತುಳಿತಕ್ಕೆ ಎಲ್ಲವೂ ತಾವಾಗಿ ಬದಲಾಗುತ್ತವೆ. ಹೇಳುವುದಕ್ಕೆ ಎಷ್ಟು ಸುಲಭ! ಕಲಿಸುವುದು ಹೇಗೆ ಎಂಬುದರ ತಲೆಬುಡವೇ ಗೊತ್ತಾಗಲಿಲ್ಲ. ಜೊತೆಗೆ ಬಂದ ಪುಸ್ತಕದಲ್ಲಿ ಒಂದನ್ನು ಬ್ಯಾಂಕು ಅಂದಿದ್ದರು, ಇನ್ನೊಂದನ್ನು ಪ್ಯಾಚು ಅಂದಿದ್ದರು, ಮೂರನೆಯ ಪುಟದಲ್ಲಿ ಎರಡೂ ಒಂದೇ ಎಂಬಂತೆ ಬರೆದಿದ್ದರು. ಮೊಬೈಲಿನಲ್ಲಿ ವಿಡಿಯೋ ಹಚ್ಚಿದರೆ ಒಬ್ಬ ಬೋಳುತಲೆಯ ವಿದೇಶಿ ಮನುಷ್ಯ ನಗುನಗುತ್ತ ಸರಸರ ಒತ್ತುತ್ತಿದ್ದ. ಅವನಿಗೆ ಅಷ್ಟು ಸಂತೋಷ ಯಾಕೆ ಎಂಬುದೂ ತಿಳಿಯಲಿಲ್ಲ. ಪೆಟ್ಟಿಗೆ ಗಿಟಾರಿಗಿಂತ ತೂಕ. ಮೂಗಿಗಿಂತ ಮೂಗುತಿ ಭಾರ ಎಂದು ಹೆಂಡತಿ ನಕ್ಕಳು.

ನಮ್ಮ ಮನೆಯಲ್ಲಿ ಇದನ್ನೆಲ್ಲ ಹರಡಲು ಜಾಗವಿಲ್ಲ. ಹಾಗಾಗಿ ಚಿಗವ್ವನ ಪಡಸಾಲೆಯಲ್ಲಿ ಹರಡಿಕೊಂಡು ನಾಲ್ಕು ದಿನ ಮುಖ ಗಂಟಿಕ್ಕಿ ಕೂತೆ. ಚಿಗವ್ವ ಶೇಂಗಾ ಸುಲಿಯುತ್ತ ನೋಡುತ್ತಿದ್ದಳು. ಐದನೆಯ ದಿನ ತಡೆಯಲಾರದೆ ಕೇಳಿದಳು.

"ಏನೋ ಅದು, ಮೂರ ದಿನದ ಕೂಸಿನಂಗ ಮುಂದ ಹಾಕ್ಕೊಂಡ ಕುಂತೀದಿ?"

ಹೇಳಿದೆ. ನನಗೇ ತಿಳಿಯದ್ದನ್ನು ಆಕೆಗೆ ಹೇಳಿದೆ. ಎಂಟು ತೂತು, ಒಂದು ತುಳಿತಕ್ಕೆ ಕೆಲವು ಹತ್ತುತ್ತವೆ, ಕೆಲವು ಆರುತ್ತವೆ, ಇನ್ನೊಂದು ತುಳಿತಕ್ಕೆ ಬೇರೆ. ಚಿಗವ್ವ ಶೇಂಗಾದ ಮೊರವನ್ನು ಬದಿಗಿಟ್ಟಳು.

"ಇಷ್ಟನ? ಇದು ಪಟ್ಟಿನ ಐತಲ್ಲೋ! ತೂತಿದ್ರ ಎತ್ತು, ಇಲ್ದಿದ್ರ ಬಿಡು. ನಾ ನಾಕನೂರ ತೂತಿನ ಪಟ್ಟಿ ಹೊಡದಾಕಿ. ಎಂಟ ತೂತಿಗೆ ಇಷ್ಟ ಗದ್ಲ ಹಾಕೀಯಲ್ಲೋ!"

ತುರುಬಿನಿಂದ ಕೆಂಪು ಪೆನ್ಸಿಲ್ಲು ಹೊರಬಂತು, ಹಳೆಯ ಚೌಕಳಿ ಕಾಗದ ಬಂತು. ಒಂದೊಂದೇ ಪೆಡಲಿನ ದನಿ ಕೇಳಿಸು ಎಂದಳು. ಆಕೆಗೆ ಸಂಗೀತದ ಗಂಧವಿಲ್ಲ, ತನಗೆ ಗೊತ್ತಿದ್ದ ಹೆಸರನ್ನೇ ಇಟ್ಟಳು. ಒರಟು ಮಾಡುವುದು ಕಂಬಳಿ. ನುಣ್ಣಗೆ ಮಾಡುವುದು ರೇಷ್ಮಿ. ಹಿಂದಿನಿಂದ ಮತ್ತೆ ಮತ್ತೆ ಹೇಳುವುದು ಸೆರಗು. ಏರಿಳಿತವನ್ನೆಲ್ಲ ಸಮ ಮಾಡುವ ಪೆಡಲೊಂದಿತ್ತು, ಅದು ನೂಲಿಗೆ ಹಚ್ಚುವ ಗಂಜಿ. ಆಂಪ್ಲಿಫೈಯರಿಗೆ ಮಾತ್ರ ಮಗ್ಗ ಎಂದಳು, ಎಲ್ಲವೂ ಕೊನೆಗೆ ಅದರೊಳಗಿಂದಲೇ ಬರಬೇಕಲ್ಲ ಎಂದು. ಈಗಲೂ ಯಾರಾದರೂ ಡಿಸ್ಟಾರ್ಷನ್ ಎಂದರೆ ನನ್ನ ಮನಸ್ಸು ಮೊದಲು ಅದನ್ನು ಕಂಬಳಿ ಎಂದು ತಿರುಗಿಸಿಕೊಳ್ಳುತ್ತದೆ.

ಮುಂದಿನ ಕಾರ್ಯಕ್ರಮ ಲಕ್ಷ್ಮೇಶ್ವರದಲ್ಲಿ, ಒಬ್ಬ ಕಾಳಿನ ವ್ಯಾಪಾರಿಯ ಮಗಳ ಮದುವೆ. ಶುರುವಿನ ಐದು ಹಾಡು ನಿಕ್ಕಿಯಾಗಿದ್ದವು. ಚಿಗವ್ವ ಒಂದು ಹಾಡಿಗೆ ಒಂದು ಸಾಲು ಹಾಕಿ, ಸಾಲಿಗೆ ಎಂಟು ಮನೆ ಮಾಡಿ, ಹತ್ತಬೇಕಾದ್ದಕ್ಕೆ ಕೆಂಪು ತುಂಬಿದಳು. ಬರೆಯುವಾಗ ಬಾಯಲ್ಲಿ ಒಂದು ಜಪ. "ಎತ್ತು, ಬಿಡು, ಬಿಡು, ಎತ್ತು, ಎತ್ತು, ಬಿಡು." ಆಮೇಲೆ ಪೆಟ್ಟಿಗೆಗೆ ಕಲಿಸುವ ಕೆಲಸ. ಅದರ ಪುಸ್ತಕವನ್ನು ನಾನು ಓದಿ ಹೇಳುತ್ತಿದ್ದೆ, ಆಕೆ ನನ್ನ ಎದುರಿಗೆ ಪೆಟ್ಟಿಗೆಯ ಆ ಬದಿಯಲ್ಲಿ ಕೂತು ಹೆಬ್ಬೆರಳಿನಿಂದ ಒತ್ತುತ್ತಿದ್ದಳು. ಆ ಹೆಬ್ಬೆರಳು ಹೇಳಿದ ಮಾತನ್ನು ಸ್ವಿಚ್ಚು ಕೇಳುತ್ತಿತ್ತು. ಸಂಜೆ ಐದೂ ಹಾಡುಗಳನ್ನು ಪರೀಕ್ಷೆ ಮಾಡಿದೆವು. ಆಕೆ ಒಂದೊಂದೇ ಸ್ವಿಚ್ಚು ಒತ್ತಿದಳು, ನಾನು ತಂತಿಗಳನ್ನೇ ನೋಡುತ್ತ ನುಡಿಸಿದೆ. ಒಂದೂ ತಪ್ಪಲಿಲ್ಲ. ನನಗೆ ಅಳು ಬರುವಷ್ಟು ಸಂತೋಷವಾಯಿತು.

"ಇನ್ನ ತಪ್ಪಂಗಿಲ್ಲ?" ಎಂದು ಕೇಳಿದೆ.

"ಪಟ್ಟಿ ಸುಳ್ಳ ಹೇಳೂದಿಲ್ಲಪಾ," ಎಂದಳು. "ಸುಳ್ಳ ಹೇಳಿದ್ರ ಹೊಡದಾಕಿ ಹೇಳ್ತಾಳ." ಇದು ಆಕೆ ದಿನಕ್ಕೆರಡು ಸಲ ಹೇಳುವ ಮಾತು. ಸೀರೆಯಲ್ಲಿ ತಪ್ಪು ಬಂದಾಗ ಮಗ್ಗವನ್ನು ಬೈಯುವವರಿಗೆ ಹೇಳಿ ಹೇಳಿ ರೂಢಿಯಾಗಿತ್ತು.

ಲಕ್ಷ್ಮೇಶ್ವರದಲ್ಲಿ ಮಟಮಟ ಮಧ್ಯಾಹ್ನ. ಮೊದಲನೆಯದು ದೇವರ ಹಾಡು. ನಾನು ಹೊಸ ಅಳಿಯನ ಗತ್ತಿನಲ್ಲಿ ಎಡತುದಿಯ ಮೊದಲ ಸ್ವಿಚ್ಚು ತುಳಿದೆ. ಕಂಬಳಿ! ದೇವರ ಹಾಡಿಗೆ ಕಂಬಳಿ ಹೊದಿಸಿ ಗುಡುಗಿದಂತಾಯಿತು. ಮಾಲೀಕ ಹೊರಳಿ ನೋಡಿದ. ಎರಡನೆಯ ಹಾಡಿಗೆ ಎರಡನೆಯದನ್ನು ತುಳಿದೆ, ಬಳಸಬಾರದ ಸೆರಗು ಬಂದು ಒಂದು ಸ್ವರ ನಾಲ್ಕಾಗಿ ತಾಳವೇ ಹಾಳಾಯಿತು. ಮೂರನೆಯದು ಮಾತ್ರ ಹೇಗೆ ಬೇಕೋ ಹಾಗೆ, ರೇಷ್ಮೆಯಂತೆ ಬಂತು. ಆ ಮೂರನೆಯದೇ ನನ್ನನ್ನು ಪೂರ್ತಿ ಕೆಡಿಸಿದ್ದು. ಎಲ್ಲ ತಪ್ಪಿದ್ದರೆ ಪೆಟ್ಟಿಗೆ ಕೆಟ್ಟಿದೆ ಎಂದು ಪೆಡಲುಗಳನ್ನು ಮೊದಲಿನಂತೆ ಒಂದೊಂದಾಗಿ ತುಳಿಯುತ್ತಿದ್ದೆ. ಒಂದು ಸರಿ ಬಂತು ಎಂದ ಮೇಲೆ ಉಳಿದದ್ದೂ ಬರುತ್ತದೆ ಎಂದು ನಂಬಿದೆ. ನಾಲ್ಕನೆಯದು ಮತ್ತೆ ತಪ್ಪಿತು. ಮಾಲೀಕ ನಗುಮುಖದಲ್ಲೇ ಬಂದು, ಜನ ನೋಡುತ್ತಿದ್ದಂತೆ ನನ್ನ ಗಿಟಾರಿಗೆ ಸಿಕ್ಕಿಸಿದ್ದ ವಯರು ಕಿತ್ತ. ಉಳಿದ ಹಾಡುಗಳಿಗೆಲ್ಲ ನಾನು ಸದ್ದಿಲ್ಲದ ಗಿಟಾರು ಹಿಡಿದು ನಿಂತಿದ್ದೆ. ಇಳಿದು ಹೋಗಬೇಕೋ, ನಿಂತಿರಬೇಕೋ ಎಂಬುದೂ ತಿಳಿಯಲಿಲ್ಲ.

ಊಟದ ಪಂಕ್ತಿಯಲ್ಲಿ ಅವನು ಪಕ್ಕಕ್ಕೆ ಬಂದು ಕೂತ. "ಬರೋ ವಾರ ಮುಂಡರಗಿ ಕಾರ್ಯಕ್ರಮಕ್ಕ ನೀ ಬರಬ್ಯಾಡ," ಎಂದ. ಹೋಳಿಗೆಗೆ ತುಪ್ಪ ಹಾಕಿಸಿಕೊಳ್ಳುತ್ತ ಹೇಳಿದ. ನಾನು ಹೋಳಿಗೆ ಬಿಟ್ಟು ಎಲೆ ಮಡಚಿದೆ.

ಬೆಟಗೇರಿಗೆ ಬಂದವನೇ ಪೆಟ್ಟಿಗೆಯನ್ನು ಚಿಗವ್ವನ ಪಡಸಾಲೆಯಲ್ಲಿ ದಡಕ್ಕನೆ ಇಟ್ಟೆ. ಏನು ಹೇಳಿದೆ ಎಂಬುದನ್ನು ಬರೆಯಲು ಈಗ ನಾಚಿಕೆಯಾಗುತ್ತದೆ, ಆದರೂ ಬರೆಯುತ್ತೇನೆ. ನಿನ್ನ ಮಾತು ಕೇಳಿ ಕೆಟ್ಟೆ ಎಂದೆ. ನುಡಿಸಿದ ನಾಲ್ಕರಲ್ಲಿ ಮೂರನೆಯದೊಂದು ಸರಿ ಬಂತು, ಉಳಿದದ್ದೆಲ್ಲ ಮಣ್ಣುಪಾಲು ಎಂದೆ.

"ಮೂರನೇದ?" ಎಂದಳು ಚಿಗವ್ವ. "ನಡುವಿಂದ ಒಂದ ಸರಿ ಬಂತು?"

ಆ ಪ್ರಶ್ನೆ ನನ್ನ ಸಿಟ್ಟಿಗೆ ಎಣ್ಣೆ ಸುರಿಯಿತು. "ಮಂದಿ ನಿನ್ನ ಪಟ್ಟಿ ಬಿಟ್ಟು ಎಷ್ಟೋ ವರ್ಷ ಆತು," ಎಂದೆ. "ಯಾಕ ಬಿಟ್ರು ಅಂತ ನನಗ ಇವತ್ತ ಗೊತ್ತಾತು."

ಚಿಗವ್ವ ಬೈಯಲಿಲ್ಲ, ಹೆಬ್ಬೆರಳು ಎತ್ತಲಿಲ್ಲ. ಗೂಟಕ್ಕೆ ನೇತುಬಿದ್ದ ಪಟ್ಟಿಗಳ ಕಡೆ ಒಮ್ಮೆ ನೋಡಿ ದೀಪ ಹಚ್ಚಲು ಒಳಗೆ ಹೋದಳು. ನಾನು ಪೆಟ್ಟಿಗೆಯನ್ನು ಅಲ್ಲೇ ಬಿಟ್ಟು ಬಂದೆ.

ಮರುದಿನ ಬೆಳಿಗ್ಗೆ ಆಕೆಯೇ ಕರೆದಳು. ಹೋಗಲು ಮನಸ್ಸಿರಲಿಲ್ಲ, ಹೆಂಡತಿ ದೂಡಿ ಕಳಿಸಿದಳು. ಚಿಗವ್ವ ಯಾವಾಗಿನ ತನ್ನ ಜಾಗದಲ್ಲಿ ಕೂತಿರಲಿಲ್ಲ. ಪೆಟ್ಟಿಗೆಯ ಈ ಬದಿಗೆ, ನಾನು ಕೂರುವ ಜಾಗದಲ್ಲಿ ಕೂತಿದ್ದಳು.

"ಬಾ ಇಲ್ಲೆ. ನೀ ತುಳಿಯೂದು ಈ ಕಡಿಯಿಂದ ಹೌದಿಲ್ಲೋ?"

"ಹೌದು."

"ನಾ ಬರದದ್ದು ಆ ಕಡಿಯಿಂದ."

ನನಗೆ ತಿಳಿಯಲಿಲ್ಲ. ಆಕೆ ಗೂಟದಿಂದ ಒಂದು ಮಾಲೆ ಇಳಿಸಿ ನೆಲಕ್ಕೆ ಹಾಸಿ ಹೇಳಿದಳು. ನೇಕಾರರ ಮಗ್ಗದಲ್ಲಿ ಸೀರೆಯ ಮುಖ ಕೆಳಗೆ, ಬೆನ್ನು ಮೇಲೆ. ನೇಯುವವನ ಕಣ್ಣಿಗೆ ಯಾವಾಗಲೂ ಕಾಣುವುದು ಬೆನ್ನು, ಎಳೆ ಜೋತುಬಿದ್ದದ್ದು, ಗಂಟು ಬಿದ್ದದ್ದು. ಹೂವು ಕೆಳಗಿರುತ್ತದೆ. ಹಾಗಾಗಿ ಪಟ್ಟಿಯನ್ನು ನೇಯುವವನ ಕಡೆಯಿಂದ ಬರೆಯುವಂತಿಲ್ಲ, ಆ ಕಡೆಯಿಂದ, ಉಡುವವಳು ನೋಡುವ ಕಡೆಯಿಂದ ಬರೆಯಬೇಕು. ಎಡದ್ದು ಬಲಕ್ಕೆ, ಬಲದ್ದು ಎಡಕ್ಕೆ. ನಲವತ್ತು ವರ್ಷ ಆಕೆ ಹಾಗೇ ಬರೆದವಳು. ನನ್ನ ಪೆಟ್ಟಿಗೆಯನ್ನೂ ಕೇಳುವ ಜನ ಕೂರುವ ಕಡೆಗೆ ಕೂತು ಬರೆದಿದ್ದಳು. ಮೊದಲ ಹಾಡು ಆಕೆಯ ಎಡಕ್ಕೆ, ಅಂದರೆ ನನ್ನ ಬಲತುದಿಗೆ ಹೋಗಿತ್ತು. ಐದನೆಯದು ನನ್ನ ಎಡಕ್ಕೆ ಬಂದಿತ್ತು. ನಡುವಿನದು ಯಾವ ಕಡೆಯಿಂದ ಎಣಿಸಿದರೂ ನಡುವಿನದೇ.

"ತಿರುವಿ ಕಲಿಸ್ತೇನಿ," ಎಂದು ಪೆನ್ಸಿಲ್ಲು ತೆಗೆದಳು.

ಬೇಡ ಎಂದೆ. ಮತ್ತೆ ತಿರುವಿದರೆ ಯಾವುದು ತಿರುವಿದ್ದು, ಯಾವುದು ತಿರುವದೇ ಇದ್ದದ್ದು ಎಂದು ನನ್ನ ತಲೆ ಪೂರ್ತಿ ಕೆಡುತ್ತದೆ. ಇದ್ದಹಾಗೇ ಇರಲಿ, ನಾನೇ ಬಲದಿಂದ ತುಳಿಯುತ್ತೇನೆ ಎಂದೆ. ಹಾಗೆ ಹೇಳುವಾಗಲೂ ನನ್ನ ದನಿ ಬಿಗಿಯಾಗಿಯೇ ಇತ್ತು. ತಪ್ಪು ಅವಳದೇ ಎಂದು ಸಾಬೀತಾಯಿತಲ್ಲ ಎಂಬ ಸೆಡವು. ಇನ್ನು ತುಳಿಯಲಿಕ್ಕೆ ಕಾರ್ಯಕ್ರಮವಾದರೂ ಎಲ್ಲಿದೆ ಎಂದು ಗೊಣಗಿದೆ. ಚಿಗವ್ವ ಪೆನ್ಸಿಲ್ಲನ್ನು ತುರುಬಿಗೆ ಸಿಕ್ಕಿಸಿಕೊಂಡು ಮಾಲೆಯನ್ನು ಮಡಚಿಟ್ಟಳು.

ಎರಡು ದಿನ ಬಿಟ್ಟು ಮಾಲೀಕನ ಫೋನು ಬಂತು. "ಮುಂಡರಗಿಗೆ ಬಾ," ಎಂದ, ಅಷ್ಟೇ. ಯಾಕೆ ಮನಸ್ಸು ಬದಲಿಸಿದ ಎಂದು ನನಗೆ ಅರ್ಥವಾಗಲಿಲ್ಲ. ಕೀಬೋರ್ಡಿನವನ ಜೊತೆ ಜಗಳವಾಗಿರಬೇಕು ಎಂದುಕೊಂಡೆ. ಕೇಳಲು ಹೋಗಲಿಲ್ಲ, ಕೇಳಿದರೆ ಮತ್ತೆ ಬೇಡ ಅಂದಾನು ಎಂಬ ಹೆದರಿಕೆ.

ಮುಂಡರಗಿಯಲ್ಲಿ ಬಲತುದಿಯಿಂದ ತುಳಿದೆ. ಮೊದಲ ಹಾಡು ಹೊಸ ನೂಲಿನ ಹಾಗೆ ಹರಿಯಿತು. ಎರಡನೆಯದು, ಮೂರನೆಯದು, ನಾಲ್ಕನೆಯದು. ಐದನೆಯದಕ್ಕೆ ಕಂಬಳಿ ತನ್ನ ಸರಿಯಾದ ಜಾಗದಲ್ಲಿ ಬಂದಾಗ ಹಮ್ಮಿಗಿಯಿಂದ ಬಂದಿದ್ದ ಬೀಗರ ಕಡೆಯ ಗಂಡಸರು ಟಾವೆಲು ಬೀಸಿ ಎದ್ದು ಕುಣಿದರು. ಒಂದು ಕಾಲು, ಒಂದು ತುಳಿತ, ಎಲ್ಲ ಎಳೆಗಳೂ ಏಳಬೇಕಾದಲ್ಲಿ ಏಳುತ್ತಿವೆ, ಇಳಿಯಬೇಕಾದಲ್ಲಿ ಇಳಿಯುತ್ತಿವೆ. ಅಂಥ ನೆಮ್ಮದಿ ನನಗೆ ವೇದಿಕೆಯ ಮೇಲೆ ಅವತ್ತಿನ ತನಕ ಸಿಕ್ಕಿರಲಿಲ್ಲ. ಮಾಲೀಕ ಮೈಕಿನಲ್ಲಿ ನನ್ನ ಹೆಸರು ಹೇಳಿ ಚಪ್ಪಾಳೆ ಹೊಡೆಸಿದ.

ಆಮೇಲಿನ ವರ್ಷಗಳಲ್ಲಿ ಹೊಸ ಹಾಡು ಬಂದಾಗಲೆಲ್ಲ ಚಿಗವ್ವನ ಪಡಸಾಲೆಗೆ ಹೋಗುತ್ತಿದ್ದೆ. ಆಕೆ ಆ ಬದಿಗೇ ಕೂತು ಬರೆಯುತ್ತಿದ್ದಳು, ನಾನು ಬಲದಿಂದಲೇ ತುಳಿಯುತ್ತಿದ್ದೆ. ಅವತ್ತು ಆಡಿದ ಮಾತಿನ ಸುದ್ದಿ ಇಬ್ಬರೂ ಎತ್ತಲಿಲ್ಲ. ಕ್ಷಮೆ ಕೇಳಬೇಕು ಎಂದು ಎಷ್ಟೋ ಸಲ ಬಾಯಿ ತೆರೆದೆ. ಆಕೆ "ಏನೋ, ಗಂಜಿ ಎತ್ತಬೇಕೋ ಬಿಡಬೇಕೋ?" ಎಂದು ಕೇಳಿಬಿಡುತ್ತಿದ್ದಳು, ಮಾತು ಗಂಜಿಯ ಕಡೆಗೆ ಹೊರಳುತ್ತಿತ್ತು. ಕಾರ್ಯಕ್ರಮಕ್ಕೆ ಬಾ ಎಂದು ಕರೆದರೆ "ಆತು, ಬರ್ತೇನಿ" ಎನ್ನುತ್ತಿದ್ದಳು, ಬರುತ್ತಿರಲಿಲ್ಲ. ಮಂಡಿನೋವು. ಬಸ್ಸು ಹತ್ತಲು ಆಗದು, ಓಣಿಯ ತುದಿಯ ಕಿರಾಣಿ ಅಂಗಡಿಗೂ ಹೋಗುವವಳಲ್ಲ.

ಹೋದ ಚಳಿಗಾಲದಲ್ಲಿ ಒಂದು ಬೆಳಿಗ್ಗೆ ಚಹಾ ಸೋಸುತ್ತಿದ್ದವಳು ಹಾಗೇ ಕುಸಿದಳು. ನಾವು ಹೋಗುವಷ್ಟರಲ್ಲಿ ಎಲ್ಲ ಮುಗಿದಿತ್ತು. ತಲೆಗೆ ನೀರು ಹಾಕುವ ಹೆಂಗಸರು ತುರುಬಿನ ಪೆನ್ಸಿಲ್ಲನ್ನು ತೆಗೆದು ಯಾರ ಕೈಗೆ ಕೊಡಬೇಕೆಂದು ತಿಳಿಯದೆ ನನ್ನ ಕೈಗೆ ಕೊಟ್ಟರು.

ಮಣ್ಣಿಗೆ ಮಾಲೀಕನೂ ಬಂದಿದ್ದ. ನನಗೆ ಆಶ್ಚರ್ಯವಾಯಿತು, ಅವನಿಗೆ ಚಿಗವ್ವ ಹೇಗೆ ಗೊತ್ತು? ತಿರುಗಿ ಬರುವಾಗ ಕೇಳಿದೆ. ಅವನು ನಡೆಯುವುದನ್ನು ನಿಲ್ಲಿಸಿದ.

"ನಿನಗ ಗೊತ್ತಿಲ್ಲೇನು? ಲಕ್ಷ್ಮೇಶ್ವರದ ಮದುವಿ ಆಗಿ ಎರಡನೇ ದಿವಸ ಆಟೋ ಮಾಡ್ಕೊಂಡು ಗದಗಿನ ನನ್ನ ಅಂಗಡಿಗೆ ಬಂದಿತ್ತಲೇ ಮುದುಕಿ. ಎರಡ ಮೆಟ್ಲ ಹತ್ತಾಕ ನಾನ ಕೈ ಹಿಡೀಬೇಕಾತು. ಚೀಲದಾಗಿಂದ ರಟ್ಟಿನ ಮಾಲಿ ತಗದು ನನ್ನ ಟೇಬಲ್ ಮ್ಯಾಲ ಹಾಸಿ, ಮುಖ ಅಂತ, ಬೆನ್ನ ಅಂತ, ಎಡಾ ಅಂತ, ಬಲಾ ಅಂತ ಅರ್ಧಾ ತಾಸು ಹೇಳಿತು. ನನಗ ಒಂದೂ ತಿಳೀಲಿಲ್ಲ. ತಿಳೀಲಿಲ್ಲ ಅನ್ನಾಕ ನಾಚಿಕಿ ಆತು, ಆತ ಬಿಡಬೇ ಅಂದೆ."

"ಏನಂದ್ಲು ಆಕಿ?"

"ಪಟ್ಟಿ ಸುಳ್ಳ ಹೇಳೂದಿಲ್ಲ, ಹೊಡದಾಕಿ ಹೇಳ್ತಾಳ, ಹೊಡದಾಕಿ ನಾನು, ಹುಡುಗಂದ ತಪ್ಪಿಲ್ಲ, ಅಂತು. ಹೋಗೂ ಮುಂದ ಇದನ್ನ ಅಂವಗ ಹೇಳಬ್ಯಾಡ ಅಂತು. ಅವನ ತಲಿ ಮೊದಲ ಗದ್ಲದಾಗ ಐತಿ, ಇದನ್ನೂ ಎಲ್ಲಿ ತುಂಬತಿ ಅಂತು."

ಮಾಲೀಕ ಮುಂದೆ ಹೋದ. ನಾನು ಅಲ್ಲೇ ನಿಂತೆ. ಇಷ್ಟು ವರ್ಷ ನೇಯುವವನ ಹಾಗೆ ನಾನು ನೋಡಿದ್ದು ಬೆನ್ನು. ಬೈದಾಗ ಸುಮ್ಮನೆ ಒಳಗೆ ಹೋದದ್ದನ್ನು ನೋಡಿದ್ದೆ, ತಪ್ಪು ಒಪ್ಪಿಕೊಂಡು ಪೆನ್ಸಿಲ್ಲು ಸಿಕ್ಕಿಸಿಕೊಂಡದ್ದನ್ನು ನೋಡಿದ್ದೆ. ಅದೇ ಮಂಡಿಯಲ್ಲಿ ಗದಗಿನ ಆ ಮೆಟ್ಟಿಲು ಹತ್ತಿದ್ದು ನನ್ನ ಕಡೆಗೆ ಕಾಣಲೇ ಇಲ್ಲ.

ಪೆಟ್ಟಿಗೆ ಇನ್ನೂ ಬಲದಿಂದಲೇ ನಡೆಯುತ್ತದೆ. ಕೀಬೋರ್ಡಿನವನು ನಗುತ್ತಾನೆ, ನಗಲಿ. ಹೊಸ ಹಾಡಿಗೆ ಈಗ ನಾನೇ ಚೌಕಳಿ ಕಾಗದದಲ್ಲಿ ಕೆಂಪು ತುಂಬುತ್ತೇನೆ, ಎತ್ತು, ಬಿಡು, ಬಿಡು, ಎತ್ತು. ಅರ್ಧ ತಪ್ಪುತ್ತದೆ, ಅಳಿಸಿ ಮತ್ತೆ ಬರೆಯುತ್ತೇನೆ. ತಪ್ಪಾತು ಚಿಗವ್ವ ಎಂಬ ಮಾತೊಂದು ಹೇಳದೆ ಉಳಿದಿದೆ. ಅದನ್ನು ಇನ್ನು ಯಾವ ಕಡೆಗೆ ಕೂತು ಹೇಳಿದರೆ ಆಕೆಗೆ ಕೇಳುತ್ತದೋ ನನಗೆ ತಿಳಿಯುತ್ತಿಲ್ಲ.